ನಮ್ಮ ನಾಟಕದ ಬಿಳಿಯ ಕಲೆಕ್ಟರ್

ಅವರನ್ನು ನಾನು ಮೊದಲು ನೋಡಿದ್ದು ಲಾಂಗ್ ಬೀಚಿನ ನಮ್ಮ ಅಪಾರ್ಟ್‌ಮೆಂಟಿನ ಲಾಂಡ್ರಿ ಕೋಣೆಯಲ್ಲಿ, 2003ರಲ್ಲಿ. ಒದ್ದೆ ಬಟ್ಟೆ ಡ್ರೈಯರಿಗೆ ಹಾಕೋಣವೆಂದು ಹೋದರೆ, ಎತ್ತರದ, ನೆತ್ತಿ ಬೋಳಾದ ಬಿಳಿಯ ಹಿರಿಯರೊಬ್ಬರು ವಾಷಿಂಗ್ ಮಷೀನಿನ ಎದುರು ನಿಂತು ‘ನೀನು ಇಲ್ಲಿಂದ ಜೀವಂತ ಹೋಗುವುದಿಲ್ಲ’ ಎಂದು ಇಂಗ್ಲಿಷಿನಲ್ಲಿ ಅದಕ್ಕೆ ಹೇಳುತ್ತಿದ್ದರು. ಒಮ್ಮೆ ಮೆಲ್ಲಗೆ, ಒಮ್ಮೆ ಹಲ್ಲು ಕಡಿದು, ಒಮ್ಮೆ ನಗುತ್ತ. ನಾನು ಬುಟ್ಟಿಯನ್ನು ಅಲ್ಲೇ ಬಿಟ್ಟು ಮೆಟ್ಟಿಲೇರಿ ಓಡಿಬಂದು ಬಾಗಿಲು ಹಾಕಿಕೊಂಡೆ. ಸಂಜೆ ಎಲ್ ಸೆಗುಂಡೋದ ಆಫೀಸಿನಿಂದ ಬಂದ ನನ್ನ ಗಂಡ ಬುಟ್ಟಿ ತರಲು ಕೆಳಗೆ ಹೋದವರು ಬಹಳ ಹೊತ್ತು ಬರಲಿಲ್ಲ. ಆಮೇಲೆ ನಗುತ್ತ ಬಂದರು.

"ಆಕ್ಟರ್ ಇದ್ದಾರ ಅವರು. ನಾಳೆ ಆಡಿಷನ್ ಅದ ಅಂತ. ನಿನಗ ಸಾರಿ ಹೇಳಂದಾರ. ಮಷೀನಿಗೆ ಬೈತಿದ್ದೆ, ಆಕಿಗಲ್ಲ ಅಂದ್ರು" ಎಂದರು.

ಆಗ ನಾನು ಈ ದೇಶಕ್ಕೆ ಬಂದು ಎರಡು ವರ್ಷವಾಗಿತ್ತು. ಧಾರವಾಡದ ಹೈಸ್ಕೂಲಿನಲ್ಲಿ ಕನ್ನಡ ಕಲಿಸುತ್ತಿದ್ದವಳು ಇಲ್ಲಿ ಗಂಡನ ವೀಸಾದ ಬಾಲ ಹಿಡಿದು ಬಂದು, ಕೆಲಸ ಮಾಡುವ ಪರವಾನಗಿಯಿಲ್ಲದೆ ಮನೆಯಲ್ಲಿ ಕೂತಿದ್ದೆ. ಅಂಗಡಿಯಲ್ಲಿ ನಾನು ಒಂದು ಮಾತಾಡಿದರೆ ಕೌಂಟರಿನ ಹುಡುಗಿ ಮುಖ ಮುಂದೆ ಚಾಚಿ ‘ಎಕ್ಸ್‌ಕ್ಯೂಸ್ ಮಿ?’ ಅನ್ನುತ್ತಿದ್ದಳು. ಎರಡನೇ ಸಲ ಹೇಳುವಾಗ ನನ್ನ ದನಿ ಅರ್ಧಕ್ಕಿಳಿಯುತ್ತಿತ್ತು. ನಲವತ್ತು ಮಕ್ಕಳ ಕ್ಲಾಸನ್ನು ಒಂದು ಗದರಿಕೆಯಲ್ಲಿ ಸುಮ್ಮನಾಗಿಸಿದ ಬಾಯಿ ಇದು. ಎರಡು ಪೌಂಡು ಟೊಮ್ಯಾಟೊ ಕೇಳಲು ಬೆವರುತ್ತಿತ್ತು.

ಈ ನಟರ ಇಂಗ್ಲಿಷೂ ಪರದೇಶದ್ದೇ. ಜೆಕ್ ದೇಶದವರು. ನಮ್ಮಿಬ್ಬರ ಮಾತು ನಿಧಾನವಾಗಿದ್ದರಿಂದ ಒಬ್ಬರದು ಒಬ್ಬರಿಗೆ ಪೂರ್ತಿ ತಿಳಿಯುತ್ತಿತ್ತು. ಶನಿವಾರ ಮಧ್ಯಾಹ್ನ ಚಹಾಕ್ಕೆ ಬರತೊಡಗಿದರು. ನಮ್ಮ ಚುರಮುರಿಯನ್ನು ಚಮಚ ಬೇಡವೆಂದು ಕೈಯಲ್ಲೇ ತಿನ್ನುತ್ತಿದ್ದರು, ಖಾರಕ್ಕೆ ಮೂಗು ಕೆಂಪಗಾದರೂ ಬಿಡುತ್ತಿರಲಿಲ್ಲ. ಹಾಗೆ ಬಂದು ಕೂತಾಗಲೆಲ್ಲ ಸ್ವಲ್ಪ ಸ್ವಲ್ಪವಾಗಿ ತಮ್ಮ ಕತೆ ಹೇಳಿದರು.

ಅವರ ತಂದೆ ಮೊರಾವಿಯಾ ಕಡೆಯ ಒಂದು ಸಣ್ಣ ಊರಿನಲ್ಲಿ ರೈಲ್ವೆ ಸ್ಟೇಷನ್ ಮಾಸ್ತರರು. ಇವರು ಬ್ರನೋದಲ್ಲಿ ನಾಟಕ ಕಲಿತು, ಇಪ್ಪತ್ತಾರನೇ ವಯಸ್ಸಿಗೆ ಊರ ರಂಗಮಂದಿರದಲ್ಲಿ ರಾಜನ ಪಾತ್ರ ಮಾಡುತ್ತಿದ್ದವರು. 1968ರಲ್ಲಿ, ರಷ್ಯನ್ನರ ಟ್ಯಾಂಕುಗಳು ಅವರ ದೇಶಕ್ಕೆ ನುಗ್ಗಿದ ವರ್ಷ, ಗಡಿ ದಾಟಿದರು. ವಿಯೆನ್ನಾ, ಆಮೇಲೆ ನ್ಯೂಯಾರ್ಕ್, ಕಡೆಗೆ ಲಾಸ್ ಏಂಜಲೀಸ್. ಇಲ್ಲಿ ಅವರಿಗೆ ಸಿಕ್ಕ ಮೊದಲ ಪಾತ್ರವೇ ರಷ್ಯನ್ ಕರ್ನಲ್‌ನದು.

"ಯಾರಿಂದ ಓಡಿಬಂದೆನೋ ಅವರ ಸಮವಸ್ತ್ರವನ್ನೇ ನನಗೆ ಹಾಕಿದರು. ಅಳತೆ ಸರಿಯಾಗಿತ್ತು" ಎಂದರು.

ಅಲ್ಲಿಂದ ಮೂವತ್ತು ವರ್ಷ ಅದೇ ಹಾಡು. ಪೂರ್ವ ಜರ್ಮನಿಯ ಗಡಿಕಾವಲುಗಾರ, ಪೋಲಿಷ್ ಬೇಕರಿಯವ, ಹಂಗೇರಿಯ ಡಾಕ್ಟರು, ಹೆಸರಿಲ್ಲದ ದೇಶದ ರಾಯಭಾರಿ. ಎರಡು ಮಾತು, ಮೂರು ಮಾತು, ಆಮೇಲೆ ಒಂದು ಗುಂಡು. ಒಂದು ಸಲವೂ ಜೆಕ್ ಮನುಷ್ಯನಾಗಿ ನಟಿಸಲಿಲ್ಲ, ಅಂಥ ಪಾತ್ರವನ್ನು ಯಾರೂ ಬರೆಯಲೇ ಇಲ್ಲ. ಅವರ ಇಂಗ್ಲಿಷ್ ವರ್ಷ ಕಳೆದಂತೆ ಸುಧಾರಿಸಿತು, ಅದೇ ತೊಂದರೆಯಾಯಿತು. ಆಡಿಷನ್ನಿನಲ್ಲಿ ಕುರ್ಚಿಯಲ್ಲಿ ಕೂತವರು ‘ಇನ್ನೂ ಸ್ವಲ್ಪ ಆಕ್ಸೆಂಟ್ ಹಾಕಿ’ ಅನ್ನುತ್ತಿದ್ದರಂತೆ. ಇವರು ಹಾಕುತ್ತಿದ್ದರಂತೆ. 2001ರಲ್ಲಿ ನ್ಯೂಯಾರ್ಕಿನ ಗೋಪುರಗಳು ಉರುಳಿದ ನಂತರ ಅದೂ ಕಡಿಮೆಯಾಯಿತು.

"ಈಗ ಖಳನಾಯಕರು ನಿಮ್ಮ ಕಡೆಯ ಮುಖದವರು. ನನ್ನ ಕೆಲಸವನ್ನು ನಿಮ್ಮ ಸೋದರಮಾವಂದಿರು ಕಿತ್ತುಕೊಂಡರು" ಎಂದು ನನ್ನ ಗಂಡನ ಕಡೆ ನೋಡಿ ಕಣ್ಣು ಮಿಟುಕಿಸಿದರು. ನನ್ನ ಗಂಡ 2001ರಲ್ಲೇ ಗಡ್ಡ ತೆಗೆಸಿದ್ದರು. ಅವರು ನಕ್ಕರು, ಆದರೆ ಕೈ ತಾನಾಗಿ ಗಲ್ಲಕ್ಕೆ ಹೋಯಿತು.

ಇಷ್ಟೆಲ್ಲವನ್ನೂ ತಮಾಷೆಯಾಗಿ ಹೇಳುತ್ತಿದ್ದವರು ತಂಗಿಯ ವಿಷಯ ಬಂದರೆ ಮಾತ್ರ ತಟ್ಟೆ ಕೆಳಗಿಡುತ್ತಿದ್ದರು. ಅಣ್ಣ ದೇಶ ಬಿಟ್ಟು ಓಡಿಹೋದನೆಂಬ ಕಾರಣಕ್ಕೆ ಆಕೆಗೆ ಕಾಲೇಜು ಸೇರಲು ಬಿಡಲಿಲ್ಲವಂತೆ. ಓದಿನಲ್ಲಿ ಅಣ್ಣನಿಗಿಂತ ಚುರುಕಾಗಿದ್ದ ಹುಡುಗಿ ಶೂ ಕಾರ್ಖಾನೆಯ ಕ್ಯಾಂಟೀನಿನಲ್ಲಿ ಸೂಪು ಬಡಿಸಿ ನಿವೃತ್ತಳಾದಳು. ಒಂದು ಸಲವೂ ಅಣ್ಣನನ್ನು ದೂರಲಿಲ್ಲ. ಅವನು ಹೋಗಿದ್ದು ದೊಡ್ಡದೊಂದನ್ನು ಮಾಡಲಿಕ್ಕೆ ಎಂದು ನಂಬಿದ್ದಳು. ಇವರ ಒಂದೆರಡು ಸಿನಿಮಾ ಅವಳೂರಿಗೂ ಹೋಗಿದ್ದವು. ಆದರೆ ಅಲ್ಲಿ ಎಲ್ಲವನ್ನೂ ಜೆಕ್ ಭಾಷೆಗೆ ಡಬ್ ಮಾಡುತ್ತಾರೆ. ಅಣ್ಣನ ಮುಖದಿಂದ ಬೇರೆ ಯಾರದೋ ದನಿ ಬಂದದ್ದನ್ನು ಅವಳು ಕೇಳಿದ್ದಳು.

"ನಾನು ಏನಾದೆ ಅಂತ ಅವಳಿಗೆ ಗೊತ್ತಿಲ್ಲ. ನಾಚಿಕೆಯಿಂದ ನಾನೂ ಹೇಳಿಲ್ಲ" ಎಂದರು.

ಮೂರು ವರ್ಷದ ಮೇಲೆ ನಮ್ಮ ನಾಟಕದ ಪ್ರಸಂಗ ಬಂತು. ಸ್ಯಾನ್ ಡಿಯಾಗೋದ ಕನ್ನಡ ಬಳಗದವರು ನವೆಂಬರಿನ ಹಬ್ಬಕ್ಕೆ ಪ್ರತಿ ವರ್ಷ ಒಂದು ನಾಟಕ ಆಡುತ್ತಿದ್ದರು. ಬರೆಯುವವನು ಅಲ್ಲಿನ ಕಾರ್ಮೆಲ್ ವ್ಯಾಲಿಯಲ್ಲಿದ್ದ ಬೆಂಗಳೂರಿನ ಟೆಲಿಕಾಂ ಇಂಜಿನಿಯರ್. ಒಳ್ಳೆಯ ಹುಡುಗ, ಹುಮ್ಮಸ್ಸಿಗೆ ಕೊರತೆಯಿಲ್ಲ. ಆ ವರ್ಷ ಅವನು ಬರೆದದ್ದು ಧಾರವಾಡ ಸೀಮೆಯಲ್ಲಿ ಕೆರೆ ಕಟ್ಟಿಸಿದ ಒಬ್ಬ ಬ್ರಿಟಿಷ್ ಕಲೆಕ್ಟರನ ಕತೆ. ಕಲೆಕ್ಟರನ ಪುಟ್ಟ ಮಗಳು ಕಾಲರಾದಿಂದ ಸತ್ತು, ಅವಳನ್ನು ಕೆರೆಯ ಏರಿಯ ಪಕ್ಕ ಹೂಳುತ್ತಾರೆ. ಅವನಿಗೆ ವರ್ಗವಾದಾಗ ಹೋಗಲಾರೆನೆಂದು ಅಲ್ಲೇ ಉಳಿಯುತ್ತಾನೆ. ನಾನು ಧಾರವಾಡದ ಕನ್ನಡ ಟೀಚರೆಂದು ಯಾರಿಂದಲೋ ತಿಳಿದು, ಮಾತು ತಿದ್ದಿಕೊಡಿ ಎಂದು ಬರೆದದ್ದನ್ನು ನನಗೆ ಕಳಿಸಿದ್ದ.

ತಿದ್ದುವುದು ಬಹಳವಿತ್ತು. ನಮ್ಮ ನಾಟಕಗಳಲ್ಲಿ ಬಿಳಿಯ ಅಧಿಕಾರಿ ಬಂದನೆಂದರೆ ಒಂದೇ ರೀತಿ. ನಮ್ಮವನೇ ಒಬ್ಬ ಬೆಳ್ಳಗಿರುವವನು ಮುಖಕ್ಕೆ ಇನ್ನಷ್ಟು ಪೌಡರ್ ಬಳಿದುಕೊಂಡು, ಹ್ಯಾಟು ಹಾಕಿ, ‘ನಾನು ನಿಮ್ಗೆ ನೋಡ್ಕೊಳ್ತಾನೆ’ ಎಂದು ಹರಕು ಮುರುಕು ಕನ್ನಡ ಆಡುತ್ತಾನೆ, ಜನ ಬಿದ್ದು ಬಿದ್ದು ನಗುತ್ತಾರೆ. ಈ ಹುಡುಗನೂ ಹಾಗೇ ಬರೆದಿದ್ದ. ಮಗಳು ಸತ್ತ ಮೇಲೂ ಹಾಗೇ ಮಾತಾಡಿಸಿದ್ದ. ನಾನು ಫೋನಿನಲ್ಲೇ ಅವನ ಕಿವಿ ಹಿಂಡಿದೆ.

"ಆಂಟಿ, ಜನ ನಗ್ಬೇಕಲ್ವಾ. ವಾರವೆಲ್ಲ ಆಫೀಸಲ್ಲಿ ಸತ್ತು ಬಂದಿರ್ತಾರೆ" ಎಂದ.

"ಜವಾನನ ಪಾತ್ರ ಒಂದ ಹಾಕು, ಅವನ್ನ ನೋಡಿ ನಗಲಿ. ಹತ್ತು ವರ್ಷ ಧಾರವಾಡದಾಗ ಇದ್ದ ಮನಷ್ಯಾಗ ಧಾರವಾಡದ ಮಾತು ಬಂದಿರೂದಿಲ್ಲೇನು? ನೆಟ್ಟಗ ಮಾತಾಡಸು ಅವನ್ನ" ಎಂದೆ. ಅದೇ ಬಿಸಿಯಲ್ಲಿ, ನನಗೆ ಗೊತ್ತಿರುವ ನಿಜವಾದ ಬಿಳಿಯ ನಟರೊಬ್ಬರಿದ್ದಾರೆ, ಅವರಿಗೆ ನಾನು ಕಲಿಸುತ್ತೇನೆ ಎಂದೂ ಹೇಳಿಬಿಟ್ಟೆ. ಹುಡುಗ ಕುಣಿದಾಡಿದ.

ನಟರಿಗೆ ಹೇಳಿದಾಗ ಅವರು ಕೇಳಿದ್ದು ಒಂದೇ ಪ್ರಶ್ನೆ: ಎಷ್ಟು ಹೊತ್ತಿನ ಪಾತ್ರ? ಮೊದಲಿನಿಂದ ಕೊನೆಯವರೆಗೂ ಇದೆ ಎಂದೆ. ಚಹಾದ ಕಪ್ಪನ್ನು ಎರಡೂ ಕೈಯಲ್ಲಿ ಹಿಡಿದುಕೊಂಡರು. ನವೆಂಬರಿನಲ್ಲಿ ತಂಗಿ ಬರುವವಳಿದ್ದಾಳೆ, ಮೊದಲ ಸಲ, ಬಹುಶಃ ಕೊನೆಯ ಸಲ, ಎಂದರು.

"ಅವಳು ನನ್ನನ್ನು ರಂಗದ ಮೇಲೆ ನೋಡಬೇಕು. ಭಾಷೆ ಯಾವುದಾದರೇನು, ಪೂರ್ತಿ ಮನುಷ್ಯನಾಗಿ ನೋಡಬೇಕು. ಆಗ ಅವಳ ಆ ವರ್ಷಗಳು ದಂಡವಾಗಲಿಲ್ಲ ಅನ್ನಿಸುತ್ತದೆ."

ಅವರು ಕೆಲಸ ಮಾಡುವ ರೀತಿಯೇ ಬೇರೆ. ನಮ್ಮ ಹವ್ಯಾಸಿಗಳು ಮಾತು ಬಾಯಿಪಾಠ ಮಾಡುತ್ತಾರೆ, ಮರೆತರೆ ಪರದೆಯ ಹಿಂದಿನಿಂದ ಪ್ರಾಂಪ್ಟರ್ ಎತ್ತಿಕೊಡುತ್ತಾನೆ. ಇವರು ಒಂದೊಂದು ಮಾತಿಗೂ ನನ್ನನ್ನು ಗೋಳು ಹುಯ್ದುಕೊಂಡರು. ಇದನ್ನು ಯಾರ ಮುಖ ನೋಡಿ ಹೇಳುತ್ತಾನೆ? ಎಷ್ಟು ದಿನದಿಂದ ಹೇಳಬೇಕೆಂದಿದ್ದ? ಧಾರವಾಡದಲ್ಲಿ ದುಃಖವಾದ ಗಂಡಸು ಕೂರುತ್ತಾನೋ ನಿಲ್ಲುತ್ತಾನೋ? ನನ್ನ ಗಂಡ ಕೂತು ತೋರಿಸಿದರು, ನಿಂತು ತೋರಿಸಿದರು. ಬೇಸಿಗೆಯಿಡೀ ನಮ್ಮ ಮನೆಯಲ್ಲಿ ಇದೇ ನಡೆಯಿತು. ಒಂದು ದಿನ ಕೊನೆಯ ದೃಶ್ಯದ ಮಾತು ಹೇಳಿದರು: ‘ನನ್ನ ಮಗಳು ಇಲ್ಲೇ ಮಲಗ್ಯಾಳ. ಆಕಿನ್ನ ಒಬ್ಬಾಕಿನ್ನ ಬಿಟ್ಟು ನಾ ಎಲ್ಲಿಗೆ ಹೋಗ್ಲಿ?’ ನಾನು ಅಡುಗೆಮನೆಗೆ ಹೋಗಿ ಮುಖ ತೊಳೆದುಕೊಂಡು ಬಂದೆ. ನನ್ನೂರಿನ ಮಾತು ಅಷ್ಟು ತೂಕದ್ದೆಂದು ನನಗೇ ಗೊತ್ತಿರಲಿಲ್ಲ. ಬೆಂಗಳೂರಿನವರ ನಡುವೆ ನಾನು ಬಾಯಿ ತೆರೆದರೆ ಸಾಕು, ಎಲ್ಲೋ ಒಂದು ಮೂಲೆಯಲ್ಲಿ ಕಿಸಕ್ಕೆನ್ನುತ್ತಿತ್ತು. ಈಗ ಕೇಳಲಿ ಅವರು, ಎಂದು ಒಳಗೊಳಗೇ ಬೀಗಿದೆ.

ನಮ್ಮ ಕಡೆಯ ಕಂಪನಿ ನಾಟಕದ ರೂಢಿಗಳನ್ನೂ ಅವರಿಗೆ ಹೇಳಿದ್ದೆ. ಒಂದು ಹಾಡೋ ಮಾತೋ ಜನರಿಗೆ ಹಿಡಿಸಿದರೆ ‘ಒನ್ಸ್ ಮೋರ್’ ಎಂದು ಕೂಗುತ್ತಾರೆ, ಸತ್ತು ಬಿದ್ದ ನಟನೂ ಎದ್ದು ಮತ್ತೊಮ್ಮೆ ಹೇಳಿ ಸಾಯುತ್ತಾನೆ. ಇದು ಅವರಿಗೆ ಬಹಳ ಇಷ್ಟವಾಯಿತು. ಅಷ್ಟು ಪ್ರೀತಿಸುವ ಜನರ ಎದುರು ತಾನೆಂದೂ ಆಡಿಲ್ಲ ಎಂದರು.

ತಂಗಿ ಬಂದರು. ಗಟ್ಟಿಮುಟ್ಟಾದ, ಕಡಿಮೆ ಮಾತಿನ ಹೆಂಗಸು. ಅವರಿಗೆ ಜೆಕ್ ಬಿಟ್ಟರೆ ಬೇರೆ ಭಾಷೆ ಬಾರದು. ನಾಟಕದ ದಿನ ಇಸ್ತ್ರಿ ಮಾಡಿದ ನೀಲಿ ಉಡುಪು, ಹೊಸ ಬೂಟು ಹಾಕಿದ್ದರು. ನಾವು ನಾಲ್ವರೂ ನಮ್ಮ ಕಾರಿನಲ್ಲಿ ಸ್ಯಾನ್ ಡಿಯಾಗೋಕ್ಕೆ ಹೊರಟೆವು. ದಾರಿಯಲ್ಲಿ ನಾನು ನಟರನ್ನು ಕೇಳಿದೆ, ಕತೆ ಹೇಳಿದ್ದೀರೋ ಇಲ್ಲವೋ ಎಂದು.

"ಇಲ್ಲ. ಹೇಳಿದರೆ ಅವಳು ಕತೆಯನ್ನು ನೋಡುತ್ತಾಳೆ. ನಾನು ನಟನೇ ಆಗಿದ್ದರೆ ಹೇಳದೆಯೂ ಅವಳಿಗೆ ತಿಳಿಯಬೇಕು" ಎಂದರು.

ಶಾಲೆಯೊಂದರ ಆಡಿಟೋರಿಯಂ. ರೇಷ್ಮೆ ಸೀರೆ, ಬಿಸಿಬೇಳೆಬಾತಿನ ವಾಸನೆ, ಕುರ್ಚಿಗಳ ನಡುವೆ ಓಡುವ ಮಕ್ಕಳು. ಹಾಲ್ ತುಂಬಿತ್ತು. ತಂಗಿಯನ್ನು ಮೂರನೇ ಸಾಲಿನಲ್ಲಿ ನನ್ನ ಪಕ್ಕ ಕೂರಿಸಿಕೊಂಡೆ.

ಪರದೆ ಸರಿಯಿತು. ನಟರು ನಡೆದು ಬಂದು ರೈತರ ಎದುರು ನಿಂತು, "ನಮಸ್ಕಾರ್ರಿ. ಎಲ್ಲಾರೂ ಆರಾಮ ಇದ್ದೀರೇನ್ರಿ?" ಎಂದರು.

ಹಾಲಿಗೆ ಹಾಲೇ ಹೋ ಎಂದಿತು. ಚಪ್ಪಾಳೆ, ಶಿಳ್ಳೆ, ನಗು. ಆ ನಗೆಯಲ್ಲಿ ಕೆಟ್ಟದ್ದೇನೂ ಇರಲಿಲ್ಲ. ಬಿಳಿಯರೊಬ್ಬರ ಬಾಯಲ್ಲಿ ಕನ್ನಡ ಕೇಳಿದರೆ ನಮಗೆ ಆಗುವ ಖುಷಿ ಅದು, ಕೂಸು ಮೊದಲ ಸಲ ಅಪ್ಪಾ ಅಂದಾಗ ಆಗುವಂಥದ್ದು. ನಾನೂ ಚಪ್ಪಾಳೆ ತಟ್ಟಿದೆ. ಮೊದಲ ಸಲ ಹಾಗಾಗುತ್ತದೆ, ಇನ್ನು ಕತೆಗಿಳಿಯುತ್ತಾರೆ ಎಂದುಕೊಂಡೆ.

ಇಳಿಯಲಿಲ್ಲ. ಅವರು ‘ಹೌದಲ್ರಿ’ ಎಂದರೆ ನಗು, ‘ನೀರ ಕೊಡವಾ’ ಎಂದರೆ ನಗು. ಧಾರವಾಡದ ಮಾತು ಬೇರೆ, ಬೆಂಗಳೂರಿನವರಿಗೆ ಇಮ್ಮಡಿ ಮಜಾ. ನಗಲಿಕ್ಕೆಂದೇ ಇಟ್ಟ ಜವಾನ ಬಂದು ಹೋದದ್ದನ್ನು ಯಾರೂ ಗಮನಿಸಲಿಲ್ಲ. ಆ ಪಕ್ಕದಲ್ಲಿ ನನ್ನ ಗಂಡ ಕಣ್ಣಲ್ಲಿ ನೀರು ಬರುವಷ್ಟು ನಗುತ್ತಿದ್ದರು. "ಏನ್ ಚಂದ ಮಾತಾಡ್ತಾರಲೇ" ಎಂದರು. ನಾನು ಶ್ ಎಂದೆ. ಮುಂದಿನ ಸಾಲಿನವಳೊಬ್ಬಳು ತಿರುಗಿ ನನಗೆ, "ಎಷ್ಟು ಕ್ಯೂಟ್ ಅಲ್ವಾ" ಎಂದಳು.

ತಂಗಿ ಮಾತ್ರ ನಗುತ್ತಿರಲಿಲ್ಲ. ಮುಂದಕ್ಕೆ ಬಾಗಿ, ಮಡಿಲಲ್ಲಿ ಕೈಚೀಲ ಒತ್ತಿಹಿಡಿದು, ಅಣ್ಣನನ್ನೇ ನೋಡುತ್ತಿದ್ದರು.

ಕೊನೆಯ ದೃಶ್ಯ ಬಂತು. ಏರಿಯ ಮೇಲೆ ಅವರು ಒಬ್ಬರೇ. ಕೂರಲೂ ಇಲ್ಲ, ನೆಟ್ಟಗೆ ನಿಲ್ಲಲೂ ಇಲ್ಲ. ಕೈಯೊಂದು ನೆಲದ ಕಡೆ ಹೋಗಿ ಅರ್ಧಕ್ಕೆ ನಿಂತಿತು. ಮಲಗಿದ ಮಗುವಿನ ತಲೆ ಸವರಲು ಹೋಗಿ ಎಬ್ಬಿಸಬಾರದೆಂದು ತಡೆದುಕೊಂಡವರ ಕೈ ಅದು. ನನ್ನ ಪಕ್ಕ ಉಸಿರೆಳೆದ ಸದ್ದಾಯಿತು. ತಿರುಗಿ ನೋಡಿದೆ. ತಂಗಿಯ ಕಣ್ಣು ತುಂಬಿತ್ತು. ಒಂದು ಮಾತೂ ತಿಳಿಯದ ಆ ಹೆಂಗಸಿಗೆ ಎಲ್ಲ ತಿಳಿದಿತ್ತು.

ಆಗ ಅವರು ಆ ಮಾತು ಹೇಳಿದರು. "ನನ್ನ ಮಗಳು ಇಲ್ಲೇ ಮಲಗ್ಯಾಳ. ಆಕಿನ್ನ ಒಬ್ಬಾಕಿನ್ನ ಬಿಟ್ಟು ನಾ ಎಲ್ಲಿಗೆ ಹೋಗ್ಲಿ?"

ಜನ ಭೋರ್ಗರೆದರು. ‘ಆಕಿನ್ನ’ ಎಂದು ಯಾರೋ ಹಿಂದೆ ಅಣಕಿಸಿದರು. ಮತ್ತಷ್ಟು ನಗು. ಅದರ ನಡುವಿನಿಂದ ನಮ್ಮ ಕಡೆಯವರದೇ ಒಂದು ದಪ್ಪ ದನಿ ‘ಒನ್ಸ್ ಮೋರ್’ ಎಂದು ಕೂಗಿತು. ಕೂಡಲೇ ಎಲ್ಲ ಕಡೆಯಿಂದ ಒನ್ಸ್ ಮೋರ್, ಒನ್ಸ್ ಮೋರ್.

ನಟರು ಸಭೆಯ ಕಡೆ ನೋಡಿದರು. ಅವರ ಮುಖದಲ್ಲಿ ಏನಿತ್ತೆಂದು ನನಗೆ ಹೇಳಲು ಬರುವುದಿಲ್ಲ. ಆದರೆ ಇದು ಈ ಜನರ ರೂಢಿ, ದೊಡ್ಡ ಮರ್ಯಾದೆ ಎಂದು ನಾನೇ ಹೇಳಿಕೊಟ್ಟಿದ್ದೆನಲ್ಲ. ಅವರು ಮೊದಲಿನ ಜಾಗಕ್ಕೆ ಹೋದರು. ಕೈಯನ್ನು ಮತ್ತೆ ನೆಲದ ಕಡೆ ತಂದರು. ಮಗಳನ್ನು ಮತ್ತೊಮ್ಮೆ ಕಳೆದುಕೊಂಡರು, ಮೊದಲಿಗಿಂತ ಮೆಲ್ಲಗೆ. ಜನ ಮೊದಲಿಗಿಂತ ಜೋರಾಗಿ ನಕ್ಕರು.

ತಂಗಿ ಸುತ್ತ ನೋಡಿದರು. ಎಡಕ್ಕೆ, ಬಲಕ್ಕೆ, ಹಿಂದಕ್ಕೆ. ಎಲ್ಲರ ಬಾಯೂ ತೆರೆದಿತ್ತು. ತಾನೇ ತಪ್ಪು ತಿಳಿದೆನೆಂದು ಅವರಿಗೆ ನಾಚಿಕೆಯಾಯಿತು ಎಂದು ಕಾಣುತ್ತದೆ, ಕಿವಿ ಕೆಂಪಗಾಯಿತು. ಬೆರಳ ತುದಿಯಿಂದ ಕಣ್ಣೊರೆಸಿಕೊಂಡರು. ಆಮೇಲೆ ನಕ್ಕರು. ಮೊದಲು ತುಟಿಯಲ್ಲಿ, ನಮ್ಮೆಲ್ಲರಿಗಿಂತ ಒಂದು ಕ್ಷಣ ತಡವಾಗಿ, ಆಮೇಲೆ ಗಟ್ಟಿಯಾಗಿ, ಚಪ್ಪಾಳೆ ತಟ್ಟುತ್ತ. ನಾನು ಅವರ ಮೊಣಕೈ ಹಿಡಿದುಕೊಂಡೆ. ಅಲ್ಲ, ನೀವು ತಿಳಿದದ್ದೇ ಸರಿ, ಎನ್ನಲು ನನ್ನಲ್ಲಿ ಒಂದೇ ಒಂದು ಜೆಕ್ ಶಬ್ದವಿರಲಿಲ್ಲ. ಅವರು ನನ್ನ ಕಡೆ ತಿರುಗಿ ಖುಷಿಯಲ್ಲಿ ತಲೆಯಾಡಿಸಿದರು. ರಂಗದ ದೀಪ ಮೂರನೇ ಸಾಲಿನವರೆಗೂ ಬೀಳುತ್ತಿತ್ತು. ನಟರು ತಂಗಿಯನ್ನು ನೋಡಿದರು. ನನಗೆ ನೆಲ ಬಾಯಿಬಿಟ್ಟರೆ ಒಳಗೆ ಹೋಗಬೇಕೆನಿಸಿತು.

ನಾಟಕ ಮುಗಿದ ಮೇಲೆ ಸನ್ಮಾನ. ಶಾಲು ಹೊದಿಸಿ, ಹಾರ ಹಾಕಿ, ಹಣ್ಣಿನ ಬುಟ್ಟಿ ಕೊಟ್ಟರು. ಬಳಗದ ಅಧ್ಯಕ್ಷರು ಮೈಕ್ ಹಿಡಿದು, "ನಮ್ಮ ಮಕ್ಳು ಮನೇಲಿ ಇಂಗ್ಲಿಷಲ್ಲೇ ಆನ್ಸರ್ ಮಾಡ್ತವೆ, ಈ ಅಂಕಲ್ ನೋಡಿ ಕಲೀಬೇಕು" ಎಂದರು. ಫೋಟೋಕ್ಕೆ ಸಾಲು ನಿಂತಿತು. ಒಬ್ಬೊಬ್ಬರೂ ‘ಇನ್ನೊಂದ್ಸಲ ಆರಾಮ ಇದ್ದೀರೇನ್ರಿ ಅನ್ನಿ’ ಎಂದರು. ಅವರು ಅಂದರು, ಎಲ್ಲರಿಗೂ ಅಂದರು. ನಾಟಕ ಬರೆದ ಹುಡುಗ ನನ್ನ ಕೈ ಹಿಡಿದು, "ಆಂಟಿ, ಸೂಪರ್ ಹಿಟ್" ಎಂದ. ಅವನ ಕಣ್ಣೂ ತೇವವಾಗಿತ್ತು.

ಮೇಕಪ್ ಕೋಣೆಯಲ್ಲಿ ನಟರು ಒಬ್ಬರೇ ಮುಖ ಒರೆಸಿಕೊಳ್ಳುತ್ತಿದ್ದಾಗ ಹೋಗಿ ಹೇಳಿದೆ. ನಿಮ್ಮ ತಂಗಿ ಮೊದಲು ಅತ್ತರು, ನಾನು ಕಣ್ಣಾರೆ ನೋಡಿದೆ, ನಮ್ಮನ್ನು ನೋಡಿ ಆಮೇಲೆ ನಕ್ಕರು ಎಂದೆ. ಅವರು ಕನ್ನಡಿಯಲ್ಲೇ ನನ್ನನ್ನು ನೋಡಿದರು.

"ನೀವು ಒಳ್ಳೆಯವರು" ಎಂದರು. ಮನಸ್ಸು ನೋಯದಿರಲೆಂದು ಸುಳ್ಳು ಹೇಳುವವರಿಗೆ ಹೇಳುವ ದನಿಯಲ್ಲಿ.

ವಾಪಸು ಬರುವಾಗ ನಾನೇ ಡ್ರೈವ್ ಮಾಡಿದೆ. ಹಿಂದಿನ ಸೀಟಿನಲ್ಲಿ ಅಣ್ಣ, ತಂಗಿ. ತಂಗಿ ಬಹಳ ಉತ್ಸಾಹದಲ್ಲಿದ್ದರು, ಬಂದಾಗಿನಿಂದ ಅಷ್ಟು ಮಾತಾಡಿದ್ದನ್ನು ನಾನು ಕೇಳಿರಲಿಲ್ಲ. ಏನೋ ಕೇಳಿದರು. ನಟರು ತಡೆದು, ಚಿಕ್ಕದಾಗಿ ಉತ್ತರ ಕೊಟ್ಟರು. ಆಕೆ ನಕ್ಕು, ಅಣ್ಣನ ಕೆನ್ನೆ ತಟ್ಟಿ, ಮತ್ತೇನೋ ಉದ್ದವಾಗಿ ಹೇಳಿದರು. ನನ್ನ ಗಂಡ ಹಿಂದೆ ತಿರುಗಿ, ಏನಂತೆ ಎಂದು ವಿಚಾರಿಸಿದರು.

"ನಾಟಕ ಹಾಸ್ಯದ್ದೋ ಅಂತ ಕೇಳಿದಳು. ಹೌದು, ನಾನು ಇಲ್ಲಿ ದೊಡ್ಡ ಹಾಸ್ಯನಟ ಅಂತ ಹೇಳಿದೆ. ಅಷ್ಟು ಜನರನ್ನು ನಗಿಸುವವನಿಗೋಸ್ಕರ ಕ್ಯಾಂಟೀನಿನಲ್ಲಿ ಕೆಲಸ ಮಾಡಿದ್ದು ತನಗೆ ಬೇಜಾರಿಲ್ಲ ಅನ್ನುತ್ತಿದ್ದಾಳೆ."

"ಮತ್ತ, ಸಂತೋಷದ ಸುದ್ದಿನ ಅಲ್ಲೇನ್ರಿ" ಎಂದರು ನನ್ನ ಗಂಡ. ನಾನು ಅವರ ಜೊತೆ ಲಾಂಗ್ ಬೀಚ್ ಮುಟ್ಟುವವರೆಗೂ ಮಾತಾಡಲಿಲ್ಲ. ಅವರಿಗೆ ಏಕೆಂದು ಇವತ್ತಿಗೂ ಗೊತ್ತಿಲ್ಲ. ನನಗೆ ನಮ್ಮವರ ಮೇಲೆ ಸಿಟ್ಟಿತ್ತು, ಆದರೆ ಅಷ್ಟು ಪ್ರೀತಿಯಿಂದ ನಕ್ಕವರ ಮೇಲೆ ಸಿಟ್ಟು ನಿಲ್ಲುವುದಿಲ್ಲ, ಬರೀ ನಾಚಿಕೆ ಉಳಿಯುತ್ತದೆ. ಅದಾದ ಮೇಲೆ ಯಾವ ಪಿಕ್ನಿಕ್ಕಿಗೆ ಹೋದರೂ ‘ನಿಮ್ಮ ಬಿಳಿಯ ಕಲೆಕ್ಟರ್ ಹೇಗಿದ್ದಾರೆ’ ಎಂದು ನಗುತ್ತ ಕೇಳುವವರೇ. ಚೆನ್ನಾಗಿದ್ದಾರೆ ಎಂದು ನಾನು ತಟ್ಟೆಯ ಕಡೆ ನೋಡುತ್ತಿದ್ದೆ.

ಮುಂದಿನ ವರ್ಷ ಆಗಸ್ಟಿನಲ್ಲಿ ಕಾರ್ಮೆಲ್ ವ್ಯಾಲಿಯಿಂದ ಆ ಹುಡುಗ ಫೋನ್ ಮಾಡಿದ. ಈ ಸಲ ಪೂರ್ತಿ ಕಾಮಿಡಿ, ಬಿಳಿಯ ಅಂಕಲ್‌ಗೆಂದೇ ಬರೆದಿದ್ದೇನೆ, ಜನ ಈಗಲೇ ಟಿಕೆಟ್ ಕೇಳುತ್ತಿದ್ದಾರೆ, ಎರಡರಷ್ಟು ದೊಡ್ಡ ಹಾಲ್ ಬುಕ್ ಮಾಡಿದ್ದೇವೆ ಎಂದ. ಅವರು ಮಾಡುವುದಿಲ್ಲ ಎಂದು ನಾನು ಖಂಡಿತವಾಗಿ ಹೇಳಿದೆ. ಒಂದು ಮಾತು ಕೇಳಿ ಆಂಟಿ, ಎಂದು ಗೋಗರೆದ. ಆ ಶನಿವಾರ ಚಹಾ ಕೊಡುವಾಗ ನಟರಿಗೆ ತಿಳಿಸಿದೆ. ಬೇಡವೆಂದುಬಿಡಿ, ನಾನೇ ಆ ಹುಡುಗನಿಗೆ ಹೇಳುತ್ತೇನೆ ಎಂದೂ ಸೇರಿಸಿದೆ. ಅವರು ಚುರಮುರಿ ತಿನ್ನುತ್ತಿದ್ದವರು ಕೈ ಒರೆಸಿಕೊಂಡು, ಎಷ್ಟು ಜನ ಹಿಡಿಯುವ ಹಾಲ್ ಎಂದು ಕೇಳಿದರು. ಸಾವಿರದ ಮೇಲೆ ಎಂದೆ.

"ತಂಗಿ ಈ ಸಲ ಬರುವುದಿಲ್ಲ" ಎಂದರು. "ಮಾಡುತ್ತೇನೆ. ನೋಡುವವರು ಯಾರೂ ಇಲ್ಲವಲ್ಲ."